ಮೂಗು ಎಷ್ಟು ಎತ್ತರದಲ್ಲಿದೆ?

ಪ್ರಶ್ನೆ: ಸರ್, ನಾನೊಂದು ಕಾದಂಬರಿ ಬರೆಯುತ್ತಿದ್ದೇನೆ. ನಾಡು, ಜನ, ದೇವರು ಎಲ್ಲವೂ ನನ್ನ ಕಲ್ಪನೆಯೇ. ಅದರಲ್ಲಿ ‘ನಿಟ್ಟುಸಿರ ಗವಿ’ ಎಂಬ ಪವಿತ್ರ ಜಾಗವಿದೆ. ಅದರ ಬಾಯಿಯ ಬಳಿ ಹಾರಿದ ಹಕ್ಕಿ ಸತ್ತು ಬೀಳುತ್ತದೆ, ಒಳಗೆ ಬಿಟ್ಟ ಕುರಿ ಏಳುವುದಿಲ್ಲ. ಆದರೆ ಗವಿ ಕಾಯುವ ಪೂಜಾರಿಗಳು ಹೋಗಿ ಬರುತ್ತಾರೆ. ಆಪಾದನೆ ಬಂದವರನ್ನು ಅದರೊಳಗೆ ಕಳಿಸಿ ದಿವ್ಯ ಮಾಡಿಸುತ್ತಾರೆ. ತಪ್ಪಿಲ್ಲದವನು ಬದುಕಿ ಬರುತ್ತಾನೆ. ನನ್ನ ಕಥಾನಾಯಕ ಎಂಟು ವರ್ಷದ ಹುಡುಗ. ಒಳಗಿನ ಕಲ್ಲಿಗೆ ಉದ್ದಂಡ ಅಡ್ಡಬಿದ್ದು, ಎದ್ದು ಹೊರಬರುತ್ತಾನೆ. ಎಂಜಿನಿಯರ್ ಆಗಿರುವ ನನ್ನ ಅಣ್ಣ ಇದನ್ನು ಓದಿ, ‘ಹಕ್ಕಿ ಸಾಯುತ್ತೆ, ಕುರಿ ಸಾಯುತ್ತೆ, ಪೂಜಾರಿ ಮಾತ್ರ ಸಾಯಲ್ಲ, ಇದ್ಯಾವ ಸೀಮೆ ವಿಷ?’ ಎಂದು ನಗುತ್ತಾನೆ. ಮಾಯೆ ಮಂತ್ರ ಇಲ್ಲದೆ ಇಂಥ ಜಾಗ ಇರಬಹುದೇ? ಒಳಗೆ ಹೋದವನಿಗೆ ಮೊದಲು ಏನು ಅನ್ನಿಸುತ್ತದೆ? ಇನ್ನೊಂದು ವಿಷಯ. ಅಮ್ಮನ ತವರಿನಲ್ಲಿ ಗುಡಿಯ ಹಿಂದೆ ಒಂದು ಹಗೇವು, ಅಂದರೆ ನೆಲದಡಿಯ ಕಣಜ ಇದೆ, ಮುಚ್ಚಿ ನಲವತ್ತು ವರ್ಷವಾಗಿರಬೇಕು. ‘ಸರ್ಪ ಕಾವಲಿದೆ, ಇಳಿದವರು ಬರಲ್ಲ’ ಅನ್ನುತ್ತಾರೆ. ಬರವಣಿಗೆಗೆ ಅನುಭವ ಬೇಕೆಂದು, ಅದನ್ನು ತೆಗೆಸಿ, ಸೊಂಟಕ್ಕೆ ಹಗ್ಗ ಕಟ್ಟಿ, ದೀಪ ಹಿಡಿದು ಐದು ನಿಮಿಷ ಇಳಿಯೋಣವೆಂದಿದ್ದೇನೆ. ದೀಪ ಉರಿಯುತ್ತಿದ್ದರೆ ಭಯವಿಲ್ಲ, ಅಲ್ಲವೇ?

ಉತ್ತರ: ಕೊನೆಯ ಪ್ರಶ್ನೆಗೆ ಮೊದಲು ಉತ್ತರ. ಇಳಿಯಬೇಡಿ. ದೀಪ ಉರಿಯುತ್ತಿದ್ದರೂ ಇಳಿಯಬೇಡಿ. ಯಾಕೆಂದು ಮುಂದೆ ಹೇಳುತ್ತೇನೆ. ಇಷ್ಟೇ ಓದಿ ಉಳಿದದ್ದನ್ನು ಬಿಟ್ಟರೂ ನನಗೆ ಬೇಸರವಿಲ್ಲ.

ಇನ್ನು ನಿಮ್ಮ ಅಣ್ಣನ ನಗು. ಅವರಿಗೆ ಹೇಳಿ, ಆ ಗವಿಯನ್ನು ನೀವು ಕಲ್ಪಿಸುವುದಕ್ಕೆ ಎರಡು ಸಾವಿರ ವರ್ಷ ಮೊದಲೇ ಅದು ಇತ್ತು, ಈಗಲೂ ಇದೆ. ಟರ್ಕಿಯ ನೈಋತ್ಯ ಭಾಗದಲ್ಲಿ ದೆನಿಜ್ಲಿ ಎಂಬ ಪ್ರಾಂತ್ಯವಿದೆ. ಅಲ್ಲಿನ ಪಾಮುಕ್ಕಲೆಯ ಬೆಳ್ಳನೆಯ ಸುಣ್ಣದ ಮೆಟ್ಟಿಲುಗಳ ಚಿತ್ರ ನೋಡಿರುತ್ತೀರಿ. ಪಾಮುಕ್ಕಲೆ ಅಂದರೆ ಹತ್ತಿಕೋಟೆ. ಅದರ ನೆತ್ತಿಯ ಮೇಲೆ ಹೈರಾಪೊಲಿಸ್ ಎಂಬ ಹಳೆಯ ಪಟ್ಟಣದ ಹಾಳುಗಳಿವೆ. ಆ ಪಟ್ಟಣದಲ್ಲಿ ಪಾತಾಳದ ದೊರೆ ಪ್ಲೂಟೊವಿನ ಹೆಸರಿನ ಒಂದು ಗವಿ ಇತ್ತು. ಗ್ರೀಕರು ಅದನ್ನು ಪ್ಲೂಟೋನಿಯನ್ ಎಂದು ಕರೆದರು. ಸತ್ತವರ ಲೋಕಕ್ಕೆ ಅದೇ ಬಾಗಿಲು ಎಂದು ನಂಬಿದ್ದರು.

ಸ್ಟ್ರಾಬೊ ಎಂಬ ಭೂಗೋಳಕಾರ ಕ್ರಿಸ್ತಶಕದ ಆರಂಭದ ಹೊತ್ತಿನವನು. ತಾನೇ ಹೋಗಿ ನೋಡಿ ಬರೆದಿಟ್ಟಿದ್ದಾನೆ. ಗವಿಯ ಬಾಯಿ ಒಬ್ಬ ಮನುಷ್ಯ ಹಿಡಿಸುವಷ್ಟು. ಅದರ ಮುಂದೆ ಚೌಕದ ಕಟಕಟೆ. ಕಟಕಟೆಯೊಳಗೆ ನೆಲವೇ ಕಾಣದಷ್ಟು ದಟ್ಟ ಮಂಜು. ಗಾಳಿ ಇಲ್ಲದ ಹೊತ್ತು ಕಟಕಟೆಯ ಹೊರಗೆ ನಿಂತವರಿಗೆ ಏನೂ ಆಗದು, ಒಳಗೆ ಕಾಲಿಟ್ಟ ಪ್ರಾಣಿ ಅಲ್ಲೇ ಸಾಯುತ್ತದೆ. ಒಳಗೆ ಅಟ್ಟಿದ ಹೋರಿಗಳನ್ನು ಹೆಣವಾಗಿ ಎಳೆದು ತರುತ್ತಾರೆ. ತಾನು ಗುಬ್ಬಿಗಳನ್ನು ಎಸೆದೆ, ಅವು ಅಲ್ಲೇ ಉಸಿರು ಬಿಟ್ಟು ಬಿದ್ದವು ಎಂದೂ ಹೇಳುತ್ತಾನೆ. ಆದರೆ ಸಿಬೆಲೆ ಎಂಬ ಮಾತೃದೇವತೆಯ ಸೇವೆಗಾಗಿ ನಪುಂಸಕರಾದ ಅರ್ಚಕರು ಒಳಗೆ ಹೋಗುತ್ತಾರೆ, ಗವಿಯ ಬಾಯಿಗೆ ಬಗ್ಗುತ್ತಾರೆ, ಸ್ವಲ್ಪ ದೂರ ಇಳಿದೂ ಬರುತ್ತಾರೆ.

ನಿಮ್ಮ ಕಥೆಯೇ ಅಲ್ಲವೇ? ಹಕ್ಕಿ, ಪಶು, ಪೂಜಾರಿ, ಮೂರೂ ಇವೆ.

ಸ್ಟ್ರಾಬೊ ಮೆಚ್ಚಬೇಕಾದ ಮನುಷ್ಯ. ನಪುಂಸಕರಿಗೆಲ್ಲ ಈ ಶಕ್ತಿ ಇದೆಯೋ, ಈ ಗುಡಿಯವರಿಗೆ ಮಾತ್ರವೋ, ದೇವರ ಕೃಪೆಯೋ, ಯಾವುದಾದರೂ ಮದ್ದು ತಿನ್ನುತ್ತಾರೋ ಎಂದು ಕೇಳಿಕೊಳ್ಳುತ್ತಾನೆ, ತೀರ್ಪು ಕೊಡುವುದಿಲ್ಲ. ಅದರ ನಡುವೆಯೇ ಒಂದು ಮಾತು ಸೇರಿಸುತ್ತಾನೆ: ಅವರು ಸಾಧ್ಯವಾದಷ್ಟು ಉಸಿರು ಬಿಗಿಹಿಡಿದಿರುತ್ತಾರೆ, ಉಸಿರುಗಟ್ಟಿದವರ ಚಹರೆ ಅವರ ಮುಖದಲ್ಲಿ ಕಂಡೆ, ಎಂದು. ಗಣಿಯಿಂದ ಮೇಲೆ ಬಂದ ಕಾರ್ಮಿಕನ ಮುಖ ನೋಡಿ ಕೆಳಗಿನ ಗಾಳಿ ಹೇಗಿದೆಯೆಂದು ಹೇಳುವುದನ್ನು ನಾನು ಹಿರಿಯರಿಂದ ಕಲಿತವನು. ಉಪಕರಣ ಇಲ್ಲದ ಕಾಲದಲ್ಲಿ ಆತ ಮುಖವನ್ನೇ ಉಪಕರಣ ಮಾಡಿಕೊಂಡಿದ್ದಾನೆ.

ಬಹಳ ಕಾಲ ಇದು ಪುರಾಣದ ಮಾತೆಂದೇ ಹಲವರು ಎಣಿಸಿದ್ದರು. 2013ರಲ್ಲಿ ಇಟಲಿಯ ಸಲೆಂತೊ ವಿಶ್ವವಿದ್ಯಾಲಯದ ಪುರಾತತ್ವಜ್ಞ ಫ್ರಾನ್ಸೆಸ್ಕೊ ದಾಂದ್ರಿಯಾ ಅವರ ತಂಡ ಗವಿ ಸಿಕ್ಕಿದೆಯೆಂದು ಪ್ರಕಟಿಸಿತು. ಪ್ಲೂಟೊ ಮತ್ತು ಕೋರೆ ದೇವತೆಗಳ ಹೆಸರಿರುವ ಶಾಸನವೂ, ಜನ ಕೂತು ನೋಡುವ ಕಲ್ಲಿನ ಮೆಟ್ಟಿಲುಗಳೂ ಅಲ್ಲಿದ್ದವು. ಅಗೆಯುತ್ತಿದ್ದಾಗಲೇ ಬೆಚ್ಚನೆಯ ಬಾಯಿಯ ಹತ್ತಿರ ಬಂದ ಹಕ್ಕಿಗಳು ಸತ್ತು ಬಿದ್ದವಂತೆ.

ಹಾಗಾದರೆ ಅದೇನು? ಅಪರೂಪದ ವಿಷವೇನೂ ಅಲ್ಲ. ಇಂಗಾಲದ ಡೈಆಕ್ಸೈಡ್. ನೀವು ನಾನು ಉಸಿರು ಬಿಟ್ಟಾಗ ಬರುವುದು, ಗೋಲಿ ಸೋಡಾದಲ್ಲಿ ಬುಸುಗುಡುವುದು. ಹೈರಾಪೊಲಿಸ್ ಪಟ್ಟಣದ ಅಡಿಯಲ್ಲಿ ನೆಲ ಸೀಳಿದ ದೊಡ್ಡ ಬಿರುಕಿದೆ. ಅಲ್ಲಿನ ಭೂಕಂಪಗಳಿಗೂ ಅದೇ ಮೂಲ. ಆಳದ ಬಿಸಿ, ನೀರು, ಸುಣ್ಣಕಲ್ಲು ಸೇರುವಲ್ಲಿ ಈ ಅನಿಲ ಹುಟ್ಟಿ ಬಿರುಕಿನ ಗುಂಟ ಮೇಲೇರುತ್ತದೆ. ಬುಗ್ಗೆಯ ನೀರಿನ ಜೊತೆ ಬಂದು ಗಾಳಿಗೆ ಹಾರಿದಾಗ, ನೀರಿನಲ್ಲಿ ಕರಗಿದ್ದ ಸುಣ್ಣ ಹೆಪ್ಪುಗಟ್ಟಿ ಆ ಬಿಳಿ ಮೆಟ್ಟಿಲುಗಳಾಗುತ್ತವೆ. ನೀರಿಲ್ಲದೆ ಬರೀ ಅನಿಲವಾಗಿ ಗವಿಯಿಂದ ಬಂದರೆ ಹೋರಿ ಸಾಯುತ್ತದೆ. ಪ್ರವಾಸಿಗಳು ಫೋಟೊ ತೆಗೆದುಕೊಳ್ಳುವ ಚೆಲುವಿಗೂ ಆ ಸಾವಿಗೂ ತಾಯಿ ಒಬ್ಬಳೇ. ಕಾದಂಬರಿಕಾರರಿಗೆ ಇದು ಕೈಗೆ ಬಂದ ತುತ್ತು. ನಿಮ್ಮ ಗವಿಯ ಮೇಲೂ ಒಂದು ಬಿಸಿನೀರ ಬುಗ್ಗೆ ಇಡಿ, ಅಲ್ಲಿ ಮದುಮಕ್ಕಳು ಮೀಯಲಿ.

ಮಂಜು ಕಂಡಿತಂತಲ್ಲ, ಅದೇ ಅನಿಲವೇ ಎಂದು ನೀವು ಕೇಳಬಹುದು. ಅಲ್ಲ. ಈ ಅನಿಲಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ಬೆಚ್ಚಗೆ, ತೇವವಾಗಿ ಹೊರಬಂದು ತಣ್ಣನೆಯ ಗಾಳಿಗೆ ತಾಗಿದಾಗ ನೀರಾವಿ ಮಂಜಾಗಿ ಕಾಣುತ್ತದೆ. ಮಂಜಿಲ್ಲ ಅಂದರೆ ಅಪಾಯವಿಲ್ಲ ಅಂತೇನಲ್ಲ. ಕಥೆಯಲ್ಲಿ ಯಾರಾದರೂ ಮಂಜು ಕರಗಿತೆಂದು ನಂಬಿ ಕಾಲಿಡಲಿ.

ಈಗ ಮುಖ್ಯ ಮಾತು. ಇಂಗಾಲದ ಡೈಆಕ್ಸೈಡ್ ಗಾಳಿಗಿಂತ ಸುಮಾರು ಒಂದೂವರೆ ಪಟ್ಟು ಭಾರ. ಹಾಗಾಗಿ ಅದು ಹೊಗೆಯಂತೆ ಮೇಲೇರುವುದಿಲ್ಲ. ನೀರಿನಂತೆ ತಗ್ಗು ಹುಡುಕಿ ನಿಲ್ಲುತ್ತದೆ. ಕಣ್ಣಿಗೆ ಕಾಣದ ಕೆರೆ ಅನ್ನಿ. ಜರ್ಮನಿಯ ಡುಯಿಸ್‌ಬುರ್ಗ್-ಎಸೆನ್ ವಿಶ್ವವಿದ್ಯಾಲಯದ ಹಾರ್ಡಿ ಫಾಂಝ್ ಮತ್ತು ಅವರ ಜೊತೆಗಾರರು ಹೈರಾಪೊಲಿಸ್ ಗವಿಯಲ್ಲಿ ಅಳತೆ ಮಾಡಿ 2018ರಲ್ಲಿ ಪ್ರಕಟಿಸಿದರು. ಗವಿಯ ಒಳಗೆ ಶೇ. 91ರವರೆಗೂ ಇದೇ ಅನಿಲ. ಮುಂದಿನ ಅಂಗಳದಲ್ಲಿ ರಾತ್ರಿಯೆಲ್ಲ ಅದು ತುಂಬಿ ಕೆರೆಯಾಗುತ್ತದೆ. ಬೆಳಗಿನ ಜಾವ, ನೆಲದಿಂದ 40 ಸೆಂಟಿಮೀಟರ್ ಎತ್ತರದಲ್ಲಿ ಸುಮಾರು ಶೇ. 35. ಅಲ್ಲಿಂದ ಮೇಲಕ್ಕೆ ಬೇಗನೆ ತಿಳಿಯಾಗುತ್ತದೆ. ಬಿಸಿಲೇರಿ ಗಾಳಿ ಆಡಿದರೆ ಕೆರೆ ಚದುರುತ್ತದೆ, ಸಂಜೆಯಾದರೆ ಮತ್ತೆ ತುಂಬುತ್ತದೆ.

ಈ ಅಂಕಿಗಳ ತೂಕ ತಿಳಿಯಲು ಒಂದಿಷ್ಟು ಹೋಲಿಕೆ. ನಾವು ಉಸಿರಾಡುವ ಹೊರಗಿನ ಗಾಳಿಯಲ್ಲಿ ಇದರ ಪಾಲು ಸುಮಾರು ಶೇ. 0.04. ಎಂಟು ಗಂಟೆ ಕೆಲಸ ಮಾಡುವವನಿಗೆ ಮಿತಿ ಶೇ. 0.5. ಶೇ. 4ಕ್ಕೆ ಬಂದರೆ ಆ ಜಾಗವನ್ನು ಪ್ರಾಣಕ್ಕೆ ತಕ್ಷಣ ಅಪಾಯವಿರುವುದೆಂದು ಬರೆಯುತ್ತೇವೆ. ಶೇ. 10ರಲ್ಲಿ ಕೆಲವು ನಿಮಿಷಕ್ಕೆ ಪ್ರಜ್ಞೆ ತಪ್ಪುತ್ತದೆ. ಶೇ. 30 ಅಂದರೆ ಕೆಲವೇ ಉಸಿರು.

ಇನ್ನು ಪೂಜಾರಿಯ ಗುಟ್ಟು ನಿಮಗೇ ಹೊಳೆದಿರಬೇಕು. ಹೋರಿ ಎಷ್ಟೇ ದೊಡ್ಡದಿರಲಿ, ತಲೆ ತಗ್ಗಿಸಿದರೆ ಅದರ ಮೂಗು ನಿಂತ ಮನುಷ್ಯನ ಮೊಣಕಾಲಿನಿಂದ ಸೊಂಟದ ಎತ್ತರಕ್ಕೆ ಬರುತ್ತದೆ. ಅಂದರೆ ಕೆರೆಯ ಒಳಗೆ. ಪಕ್ಕದಲ್ಲೇ ನಿಂತ ಪೂಜಾರಿಯ ಮೂಗು ಕೆರೆಯ ಮೇಲೆ. ಬೆದರಿದ ಹೋರಿ ತಲೆ ಕೊಡವಿ, ಏದುಸಿರು ಬಿಟ್ಟು, ಇನ್ನಷ್ಟು ಕುಡಿದು ಕುಸಿಯುತ್ತದೆ. ನೋಡುವವರಿಗೆ ದೇವರು ಪಶುವನ್ನು ತಗೊಂಡ, ಅರ್ಚಕನನ್ನು ಬಿಟ್ಟ. ಅರ್ಚಕನಿಗೆ ಗೊತ್ತಿದ್ದದ್ದು ಮೂರು: ಯಾವ ಹೊತ್ತು, ಯಾವ ಎತ್ತರ, ಎಷ್ಟು ಹೊತ್ತು ಉಸಿರು ಹಿಡಿಯಬೇಕು. ಅವರನ್ನು ಮೋಸಗಾರರು ಅನ್ನಲು ನನಗೆ ಮನಸ್ಸಿಲ್ಲ. ಅಲ್ಲಿ ಬದುಕುವುದನ್ನು ಕಲಿತವರು, ಕಲಿತದ್ದನ್ನು ದೇವರ ಹೆಸರಿನಲ್ಲೇ ನೆನಪಿಟ್ಟವರು. ಅವರಿಗೂ ಅದು ದೇವರೇ ಆಗಿದ್ದಿರಬೇಕು.

ಮೂಗಿನ ಎತ್ತರದ ಲೆಕ್ಕ ಬೇರೆ ಕಡೆಯೂ ಇದೆ. ಇಟಲಿಯ ನೇಪಲ್ಸ್ ಹತ್ತಿರ ‘ನಾಯಿಗವಿ’ ಎಂದೇ ಹೆಸರಾದ ಸಣ್ಣ ಗವಿಯಿತ್ತು. ಮಾರ್ಗದರ್ಶಿಗಳು ಪ್ರವಾಸಿಗಳಿಗೆ ತೋರಿಸಲು ನಾಯಿಯನ್ನು ಒಳಗೆ ಬಿಡುತ್ತಿದ್ದರು. ಮನುಷ್ಯರು ಆರಾಮವಾಗಿ ನಿಂತಿರುತ್ತಿದ್ದರು, ನಾಯಿ ಬಿದ್ದು ಒದ್ದಾಡುತ್ತಿತ್ತು. ಹೊರಗೆಳೆದು ಪಕ್ಕದ ಕೆರೆಯ ನೀರಿಗೆ ಹಾಕಿದರೆ ಎಚ್ಚರಾಗುತ್ತಿತ್ತು, ಕೆಲವೊಮ್ಮೆ ಆಗುತ್ತಿರಲಿಲ್ಲ. ಆ ನಾಯಿಯನ್ನೇ ಮರುದಿನ ಮತ್ತೆ ಇಳಿಸುತ್ತಿದ್ದರು. ಇದನ್ನು ಬರೆಯಲೂ ಕೈ ಹಿಂಜರಿಯುತ್ತದೆ.

ಹೀಗಾಗಿ ನಿಮ್ಮ ಕಥೆಯಲ್ಲಿ ಪೂಜಾರಿ ಬದುಕುವುದಕ್ಕೆ ನನ್ನ ತಕರಾರಿಲ್ಲ. ಹುಡುಗ ಬದುಕುವುದಕ್ಕೆ ಇದೆ. ಎಂಟು ವರ್ಷದ ಹುಡುಗನ ಮೂಗು ನೆಲದಿಂದ ಮೂರೂವರೆ ಅಡಿ. ದೊಡ್ಡವನಿಗೆ ತಲೆ ಸುತ್ತುವ ಮುಂಚೆ ಅವನು ಬಿದ್ದಿರುತ್ತಾನೆ. ಅದರ ಮೇಲೆ ನೀವು ಅವನಿಂದ ಉದ್ದಂಡ ನಮಸ್ಕಾರ ಮಾಡಿಸಿದ್ದೀರಿ! ಮೊಣಕಾಲಿನವರೆಗೆ ಅನಿಲ ನಿಂತ ಜಾಗದಲ್ಲಿ ಎದೆಸೆಟೆದು ನಿಂತ ಅಹಂಕಾರಿ ಬದುಕುತ್ತಾನೆ, ಭಕ್ತಿಯಿಂದ ಮೈಚೆಲ್ಲಿ ಹಣೆ ಮುಟ್ಟಿಸಿದವನು ಏಳುವುದಿಲ್ಲ. ಇಂಥ ಜಾಗದ ಭಯಾನಕ ನ್ಯಾಯ ಅದು. ನೀವದನ್ನು ತಿರುಗಿಸಿ ಬರೆದಿದ್ದೀರಿ. ನಿಜವನ್ನೇ ಬರೆದರೆ ನಿಮ್ಮ ಕಲ್ಪನೆಗಿಂತ ಅದು ಗಾಢವಾಗಿರುತ್ತದೆ ಅನ್ನುವುದು ನನ್ನ ಅನಿಸಿಕೆ. ಆ ಊರಿನಲ್ಲಿ ‘ಅಡ್ಡಬಿದ್ದವರನ್ನು ದೇವರು ಇಟ್ಟುಕೊಳ್ಳುತ್ತಾನೆ’ ಎಂಬ ಮಾತು ಹುಟ್ಟಿರುತ್ತದೆ. ಕೆಲವರು ಅದನ್ನು ಬಯಸಿಯೇ ಬರುತ್ತಿರುತ್ತಾರೆ.

ಹುಡುಗ ಉಳಿಯಲೇಬೇಕೆಂದರೆ ದಾರಿಗಳಿಲ್ಲವೆಂದಲ್ಲ. ಯಾರಾದರೂ ಹೆಗಲ ಮೇಲೆ ಹೊತ್ತು ಹೋಗಲಿ. ಆದರೆ ಹೊತ್ತವನು ಮುಗ್ಗರಿಸಿದರೆ ಇಬ್ಬರೂ ಹೋದರು, ಆ ಆತಂಕ ಓದುಗನಿಗೆ ಗೊತ್ತಿರಬೇಕು. ಅಥವಾ ಒಳಗಿನ ದೇವರಕಲ್ಲು ಆಳೆತ್ತರದ್ದಾಗಿರಲಿ, ಹುಡುಗ ನಮಸ್ಕಾರ ಮಾಡದೆ ಅದರ ಮೇಲೇ ಹತ್ತಿ ಕೂರಲಿ. ಊರಿಗೆ ಅದು ಮಹಾಪಾಪ, ಅವನಿಗೆ ಜೀವದಾನ. ಇನ್ನೊಂದು ದಾರಿ ನನಗೆ ಹೆಚ್ಚು ಹಿಡಿಸಿದ್ದು. ದಿವ್ಯದ ಮುಹೂರ್ತ ಇಡುವವರು ಯಾರು? ಪೂಜಾರಿಗಳು. ಬಿಸಿಲು ನೆತ್ತಿಗೇರಿ ಗಾಳಿ ಬೀಸುವ ಮಧ್ಯಾಹ್ನ ಒಳಗೆ ಕಳಿಸಿದರೆ ಕಳ್ಳನೂ ನಗುತ್ತಾ ಹೊರಬರುತ್ತಾನೆ. ಗಾಳಿ ಮಿಸುಕದ ಬೆಳಗಿನ ಜಾವ ಕಳಿಸಿದರೆ ಹಾಲುಗಲ್ಲದ ಮಗುವೂ ಬರುವುದಿಲ್ಲ. ಅಂದಮೇಲೆ ತೀರ್ಪು ಗವಿಯಲ್ಲಿ ಆಗುವುದಿಲ್ಲ, ಹಿಂದಿನ ಸಂಜೆ ಪಂಚಾಂಗ ಬಿಚ್ಚಿದಾಗಲೇ ಆಗಿರುತ್ತದೆ. ಆ ಪೂಜಾರಿಗಳಲ್ಲಿ ಒಬ್ಬ ಹೊತ್ತು ಬದಲಿಸಿದರೆ? ಹೈರಾಪೊಲಿಸ್‌ನಲ್ಲಿ ಹೀಗೆ ದಿವ್ಯ ನಡೆಯಿತೆಂದು ನಾನು ಹೇಳುತ್ತಿಲ್ಲ, ಇದು ನಿಮ್ಮ ನಾಡಿಗೆ ಮಾತ್ರ. ಬರೀ ಮಾಯೆಯೇ ಸಾಕು ಅನ್ನಿಸಿದರೆ ಅದೂ ತಪ್ಪಲ್ಲ. ಆದರೆ ಮಾಯೆಗೂ ಒಂದು ಕಟ್ಟುಪಾಡು ಬೇಕು, ಇಲ್ಲದಿದ್ದರೆ ನಿಮ್ಮ ಅಣ್ಣ ಮತ್ತೆ ನಗುತ್ತಾರೆ.

ಪವಿತ್ರ ಸ್ಥಳವೇ ಜನರನ್ನು ಕೊಂದ ಘಟನೆ ಬೇಕಿದ್ದರೆ ಪೂರ್ವಕ್ಕೂ ನೋಡಿ. ಜಾವಾದ ನಡುಭಾಗದಲ್ಲಿ ಸುಮಾರು 2000 ಮೀಟರ್ ಎತ್ತರದಲ್ಲಿ ಡಿಯೆಂಗ್ ಪ್ರಸ್ಥಭೂಮಿ ಇದೆ. ‘ಹ್ಯಾಂಗ್’ ಅಂದರೆ ಅಲ್ಲಿಯವರ ಮಾತಿನಲ್ಲಿ ದೇವತೆಗಳು. ದೇವತೆಗಳ ನೆಲೆ ಎಂದೇ ಆ ಹೆಸರು ಬಂದದ್ದು. ಜಾವಾದ ಅತಿ ಹಳೆಯ ಶಿವಾಲಯಗಳಲ್ಲಿ ಕೆಲವು ಅಲ್ಲಿವೆ. ಮುಂದೆ ಜನ ಅವಕ್ಕೆ ಅರ್ಜುನ, ಭೀಮ, ಘಟೋತ್ಕಚ ಎಂದು ಹೆಸರಿಟ್ಟರು. ನಮ್ಮೂರ ಬೆಟ್ಟಕ್ಕೆ ಭೀಮನ ಹೆಜ್ಜೆ, ಪಾಂಡವರ ಗುಹೆ ಎಂದು ಹೆಸರಿಡುವವರ ನೆಂಟರೇ ಅವರು. ಗುಡಿಗಳ ಸುತ್ತ ಬುಸುಗುಡುವ ಕುಳಿಗಳು. 1979ರ ಫೆಬ್ರುವರಿ 20ರಂದು ಅಲ್ಲಿನ ಸಿನಿಲಾ ಕುಳಿ ಸಿಡಿಯಿತು. ಸಿಡಿತಕ್ಕೆ ಹೆದರಿ ಜನ ಮನೆ ಬಿಟ್ಟು ಓಡಿದರು. ಬೆಳಗಿನ ಆ ಹೊತ್ತಿನಲ್ಲಿ ಬಿರುಕುಗಳಿಂದ ಹೊರಬಂದ ಇಂಗಾಲದ ಡೈಆಕ್ಸೈಡ್ ತಗ್ಗಿನಲ್ಲಿ ಹರಡಿತ್ತು, ಅವರು ಓಡಿದ ದಾರಿ ಅದರೊಳಗೇ ಇತ್ತು. 140ಕ್ಕೂ ಹೆಚ್ಚು ಜನ ಸತ್ತರು, ಬಹಳಷ್ಟು ಮಂದಿ ದಾರಿಯಲ್ಲೇ. 1986ರ ಆಗಸ್ಟ್ 21ರ ರಾತ್ರಿ ಆಫ್ರಿಕಾದ ಕ್ಯಾಮರೂನಿನಲ್ಲಿ ನ್ಯೋಸ್ ಸರೋವರ ತನ್ನ ತಳದಲ್ಲಿ ಕರಗಿಸಿಟ್ಟಿದ್ದ ಇದೇ ಅನಿಲವನ್ನು ಒಮ್ಮೆಗೇ ಉಗುಳಿತು. ಕಣಿವೆಗಳ ಗುಂಟ ಹರಿದು ಸುಮಾರು 1,700 ಜನರನ್ನು ಕೊಂದಿತು.

ಈಗ ನಿಮ್ಮ ಹಗೇವಿಗೆ ಬರುತ್ತೇನೆ. ನನಗೆ ನಿಜವಾಗಿ ಚಿಂತೆ ಇರುವುದು ಅದರ ಬಗ್ಗೆಯೇ.

ಹಗೇವು ಕಾಣದ ಓದುಗರಿಗಾಗಿ: ನೆಲದಲ್ಲಿ ತೋಡಿದ ಧಾನ್ಯದ ಕಣಜ. ಬಾಯಿ ಒಬ್ಬ ಆಳು ತೂರುವಷ್ಟು ಕಿರಿದು, ಹೊಟ್ಟೆ ಹೂಜಿಯಂತೆ ಅಗಲ. ಒಳಗೋಡೆಗೆ ಹುಲ್ಲು ಒತ್ತಿ, ರಾಗಿ ತುಂಬಿ, ಚಪ್ಪಡಿ ಮುಚ್ಚಿ ಮಣ್ಣು ಮೆತ್ತುತ್ತಾರೆ. ವರ್ಷಗಟ್ಟಲೆ ಇಟ್ಟರೂ ಹುಳ ಬೀಳದು. ಯಾಕೆ ಬೀಳದು? ಕಾಳೂ ಉಸಿರಾಡುತ್ತದೆ. ಮುಚ್ಚಿದ ಗುಂಡಿಯಲ್ಲಿ ಆಮ್ಲಜನಕ ಕಡಿಮೆಯಾಗಿ ಇಂಗಾಲದ ಡೈಆಕ್ಸೈಡ್ ತುಂಬುತ್ತದೆ, ಹುಳ ಸಾಯುತ್ತದೆ. ಹುಳವನ್ನು ಕೊಂದ ಗಾಳಿಯೇ ಮೊದಲು ಇಳಿದ ಆಳನ್ನೂ ಕೊಲ್ಲುತ್ತದೆ. ಹೈರಾಪೊಲಿಸ್ಸಿನ ಗವಿಯೂ ನಿಮ್ಮಜ್ಜನ ಊರಿನ ಹಗೇವೂ ಇಷ್ಟರಮಟ್ಟಿಗೆ ಒಂದೇ ಜಾತಿ.

ನನ್ನ ಬಾಲ್ಯದಲ್ಲಿ ಹಗೇವು ತೆಗೆಯುವ ದಿನ ಮಕ್ಕಳನ್ನು ಹತ್ತಿರ ಬಿಡುತ್ತಿರಲಿಲ್ಲ. ಬೆಳಗ್ಗೆ ಚಪ್ಪಡಿ ಸರಿಸಿ, ಬಿಸಿಲೇರುವವರೆಗೆ ಸುಮ್ಮನೆ ಬಿಡುತ್ತಿದ್ದರು. ಆಮೇಲೆ ಅಜ್ಜ ಹುರಿಗೆ ಲಾಟೀನು ಕಟ್ಟಿ ಮೆಲ್ಲಗೆ ಇಳಿಬಿಡುತ್ತಿದ್ದರು. ಒಮ್ಮೆ ಅದು ಅರ್ಧ ದಾರಿಯಲ್ಲೇ ಕುಗ್ಗಿ, ನೀಲಿಯಾಗಿ, ಊದದೆಯೇ ಆರಿತು. ಅಜ್ಜ ‘ಇವತ್ತು ಬ್ಯಾಡ’ ಎಂದು ಹುರಿ ಸುತ್ತಿಕೊಂಡು ಎದ್ದರು. ನನ್ನ ಮುಂದಿನ ಉದ್ಯೋಗದ ಮೊದಲ ಪಾಠ ಅದು ಅಂತ ಆಮೇಲೆ ಎಷ್ಟೋ ಸಲ ಅನ್ನಿಸಿದೆ.

ದೀಪ ಆರಿದರೆ ಇಳಿಯಬಾರದು, ಇದು ಸರಿ. ದೀಪ ಉರಿದರೆ ಇಳಿಯಬಹುದು, ಇದು ತಪ್ಪು. ಲೆಕ್ಕ ನೋಡಿ. ಗಾಳಿಯಲ್ಲಿ ಆಮ್ಲಜನಕ ಸುಮಾರು ಶೇ. 21. ದೀಪ ಆರುವುದು ಅದು ಶೇ. 16ರ ಹತ್ತಿರಕ್ಕೆ ಇಳಿದಾಗ. ಗುಂಡಿಯಲ್ಲಿ ಶೇ. 10ರಷ್ಟು ಇಂಗಾಲದ ಡೈಆಕ್ಸೈಡ್ ಸೇರಿಕೊಂಡಿದೆ ಎನ್ನೋಣ. ಉಳಿದ ತೊಂಬತ್ತು ಪಾಲು ಸಾಮಾನ್ಯ ಗಾಳಿಯೇ ಆಗಿದ್ದರೆ ಆಮ್ಲಜನಕ ಇನ್ನೂ ಶೇ. 19ರ ಹತ್ತಿರ ಇರುತ್ತದೆ. ದೀಪ ಉರಿಯುತ್ತಲೇ ಇರುತ್ತದೆ, ಅದನ್ನು ಹಿಡಿದವನು ಬಿದ್ದಿರುತ್ತಾನೆ. ಕೊಳೆತ ಸೊಪ್ಪುಸದೆಯಿಂದ ಮೀಥೇನ್ ಕೂಡಿದ್ದರೆ ದೀಪವೇ ಸಿಡಿತಕ್ಕೆ ಕಿಡಿ.

ನಿಮ್ಮ ಅಣ್ಣ ‘ಆಫೀಸಿನಿಂದ ಗ್ಯಾಸ್ ಮೀಟರ್ ತರ್ತೀನಿ’ ಅನ್ನಬಹುದು. ಎಂಜಿನಿಯರುಗಳು ಜಾರುವ ಜಾಗ ಇದು. ಸಾಮಾನ್ಯವಾಗಿ ಸಿಗುವ ನಾಲ್ಕು ಅನಿಲದ ಮೀಟರ್ ನೋಡುವುದು ಆಮ್ಲಜನಕ, ಕಾರ್ಬನ್ ಮೊನಾಕ್ಸೈಡ್, ಹೈಡ್ರೋಜನ್ ಸಲ್ಫೈಡ್ ಮತ್ತು ಹೊತ್ತಿಕೊಳ್ಳುವ ಅನಿಲಗಳನ್ನು. ಇಂಗಾಲದ ಡೈಆಕ್ಸೈಡ್ ಆ ನಾಲ್ಕರಲ್ಲಿ ಇಲ್ಲ. ಅದು ಶೇ. 5ರಷ್ಟಿದ್ದರೂ ಆಮ್ಲಜನಕದ ಅಂಕಿ ಶೇ. 19.9 ತೋರಿಸುತ್ತದೆ, ಅಲಾರಂ ಕೂಗುವುದು 19.5ಕ್ಕೆ. ಮೀಟರ್ ಹಸಿರು ತೋರುತ್ತಿರುವಾಗಲೇ ಕೆಲಸದವನು ಕುಸಿದದ್ದನ್ನು ನಾನು ಒಂದು ಕಾರ್ಖಾನೆಯಲ್ಲಿ ಕಂಡಿದ್ದೇನೆ, ಹೆಸರು ಬೇಡ. ಹುದುಗು ಬರಿಸುವ ತೊಟ್ಟಿ ಅದು. ಅದೃಷ್ಟಕ್ಕೆ ಎಳೆಯುವ ಹಗ್ಗ ಮೊದಲೇ ಕಟ್ಟಿತ್ತು, ಉಳಿದ. ನನ್ನನ್ನು ಕರೆಸಿದ್ದು ‘ಮೀಟರ್ ಕೆಟ್ಟಿದೆ’ ಎಂದು. ಕೆಟ್ಟಿರಲಿಲ್ಲ, ಕೇಳಿದ್ದಕ್ಕೆ ಸರಿಯಾಗಿಯೇ ಉತ್ತರ ಕೊಟ್ಟಿತ್ತು.

ಮೂಗಿಗೆ ಕಟ್ಟುವ ಮಾಸ್ಕ್ ಯಾವುದೂ ಇಲ್ಲಿ ಪ್ರಯೋಜನವಿಲ್ಲ. ದೂಳು ಸೋಸಬಹುದು, ಇಲ್ಲದ ಆಮ್ಲಜನಕವನ್ನು ಕೊಡಲಾರದು. ಚಪ್ಪಡಿ ತೆಗೆದು ಎರಡು ದಿನ ಬಿಟ್ಟರಾಯಿತು ಅನ್ನುವುದೂ ಅರ್ಧ ಸತ್ಯ. ಕಿರಿದಾದ ಬಾಯಿ, ಅಗಲ ಹೊಟ್ಟೆ, ಭಾರದ ಗಾಳಿ. ಹೂಜಿಯಲ್ಲಿ ನೀರು ನಿಂತಂತೆ ಅದು ನಿಂತಿರುತ್ತದೆ. ನನ್ನ ಅಜ್ಜ ಕಾದದ್ದು ಸರಿ, ಕಾದದ್ದು ಸಾಲದು ಎಂದು ಲಾಟೀನು ಹೇಳಿತು. ಇನ್ನು ಸೊಂಟದ ಹಗ್ಗ. ಕಿರಿದು ಬಾಯಿಯಲ್ಲಿ, ಪ್ರಜ್ಞೆ ತಪ್ಪಿ ಮಡಚಿಕೊಂಡ ಮೈಯನ್ನು ಸೊಂಟಕ್ಕೆ ಕಟ್ಟಿದ ಹಗ್ಗದಿಂದ ಮೇಲೆಳೆಯಲು ಆಗುವುದಿಲ್ಲ, ಅಡ್ಡವಾಗಿ ಸಿಕ್ಕಿಕೊಳ್ಳುತ್ತದೆ. ಆಗ ಮೇಲಿದ್ದವರಲ್ಲಿ ಒಬ್ಬರು ‘ಅಯ್ಯೋ’ ಎಂದು ಇಳಿಯುತ್ತಾರೆ. ಅವರ ಹಿಂದೆ ಇನ್ನೊಬ್ಬರು. ಬಾವಿ ಸ್ವಚ್ಛ ಮಾಡಲು ಇಳಿದು ಅಣ್ಣ ತಮ್ಮಂದಿರಿಬ್ಬರೂ ಸತ್ತರು ಎಂಬ ಸುದ್ದಿ ನೀವೂ ಬೇಸಿಗೆಯಲ್ಲಿ ಓದಿರುತ್ತೀರಿ. ಇಂಥ ಇಕ್ಕಟ್ಟಿನ ಜಾಗಗಳ ಸಾವಿನಲ್ಲಿ ಶೇ. 60ಕ್ಕೂ ಹೆಚ್ಚು ಮಂದಿ ಉಳಿಸಲು ಹೋದವರೇ ಎಂದು ಅಮೆರಿಕದ ಔದ್ಯೋಗಿಕ ಸುರಕ್ಷತಾ ಸಂಸ್ಥೆ 1986ರಲ್ಲೇ ಎಚ್ಚರಿಸಿತ್ತು. ನಿಮ್ಮ ಹಗೇವು ನಿಮ್ಮೊಬ್ಬರನ್ನೇ ಕೇಳುವುದಿಲ್ಲ.

ಸರ್ಪ ಕಾವಲಿನ ಮಾತು ನನಗೆ ತಮಾಷೆಯಲ್ಲ. ಮುಚ್ಚಿದ ಗುಂಡಿಗೆ ನಿಧಿ ಹುಡುಕಿ ಇಳಿದವನು ಗಾಯವಿಲ್ಲದೆ, ರಕ್ತವಿಲ್ಲದೆ ಸತ್ತು ಬಿದ್ದರೆ ಊರವರು ಏನೆನ್ನಬೇಕು? ಹಾವು ಊದಿತು ಅನ್ನುತ್ತಾರೆ. ಇಂಥ ಕಥೆಗಳಲ್ಲಿ ಒಂದಿಷ್ಟಾದರೂ ಹೀಗೆ ಹುಟ್ಟಿರಬೇಕೆಂದು ನನ್ನ ಗುಮಾನಿ. ಕಾರಣ ತಪ್ಪಿರಬಹುದು, ಸಲಹೆ ಸರಿಯಾಗಿದೆ. ಆ ಮಾತು ಹೇಳುವ ಅಜ್ಜಿಯರ ಬಾಯಿ ಮುಚ್ಚಿಸಬೇಡಿ. ಪಕ್ಕದಲ್ಲಿ ಕೂತು ಪೂರ್ತಿ ಕೇಳಿಸಿಕೊಂಡು ಬರೆದುಕೊಳ್ಳಿ. ನಿಮ್ಮ ಕಾದಂಬರಿಗೆ ಬೇಕಾದ ಅನುಭವ ಹಗೇವಿನ ತಳದಲ್ಲಿಲ್ಲ, ಆ ಜಗುಲಿಯ ಮೇಲಿದೆ.

ನೋಡಲೇಬೇಕೆಂದರೆ ಚಪ್ಪಡಿ ಸರಿಸಿ, ಬಾಯಿಗೆ ಬಗ್ಗದೆ, ಕೋಲಿನ ತುದಿಗೆ ಟಾರ್ಚ್ ಮತ್ತು ಮೊಬೈಲ್ ಕಟ್ಟಿ ಇಳಿಬಿಟ್ಟು ವಿಡಿಯೊ ತೆಗೆಯಿರಿ. ಮೊಬೈಲ್ ಬಿದ್ದರೆ ಹೋಯಿತು ಎಂದುಕೊಳ್ಳಿ, ಎತ್ತಲು ಯಾರೂ ಇಳಿಯಬಾರದು. ಪೂರ್ತಿ ತೆರೆಸುವುದಾದರೆ ಬ್ಲೋವರ್, ಸರಿಯಾದ ಮೀಟರ್, ಬೆನ್ನಿಗೆ ಗಾಳಿ ಸಿಲಿಂಡರ್ ಇರುವ ತರಬೇತಾದ ತಂಡ ಬೇಕು; ಖರ್ಚು, ರಗಳೆ ಎರಡೂ ಇವೆ, ಒಂದು ಅಧ್ಯಾಯಕ್ಕಾಗಿ ನಾನಂತೂ ಮಾಡುತ್ತಿರಲಿಲ್ಲ. ನೋಡಿ ಮುಗಿದ ಮೇಲೆ ಚಪ್ಪಡಿ ಮತ್ತೆ ಮುಚ್ಚಿ ಮಣ್ಣು ಮೆತ್ತಿಸಿ. ಅಲ್ಲಿ ಮಕ್ಕಳು ಆಡುತ್ತಾರೆಂದರೆ ಈ ವಾರವೇ.

ಒಳಗೆ ಹೋದವನಿಗೆ ಮೊದಲು ಏನು ಅನ್ನಿಸುತ್ತದೆ ಎಂದು ಕೇಳಿದ್ದಿರಿ. ಆಮ್ಲಜನಕ ಮಾತ್ರ ಕಡಿಮೆಯಿದ್ದರೆ ಏನೂ ಅನ್ನಿಸದು, ನಿದ್ದೆ ಬಂದಂತೆ ಹೋಗುತ್ತಾನೆ. ಇಂಗಾಲದ ಡೈಆಕ್ಸೈಡ್ ಹಾಗಲ್ಲ. ಉಸಿರು ತಗೋ ಎಂದು ನಮ್ಮ ಮೈ ಕೂಗುವುದೇ ರಕ್ತದಲ್ಲಿ ಅದು ಏರಿದಾಗ. ಹಾಗಾಗಿ ಮೊದಲು ಏದುಸಿರು, ಎದೆ ಬಡಿತ, ತಲೆ ಸಿಡಿತ. ಅದಕ್ಕೂ ಮುಂಚೆ, ಕಣ್ಣು ಮೂಗಿನ ಪಸೆಯಲ್ಲಿ ಅದು ಕರಗಿ ಹುಳಿಯಾಗುವುದರಿಂದ ಒಂದು ಚುರುಕು, ಬಾಯಲ್ಲಿ ಹುಳಿ ರುಚಿ. ನಿಮ್ಮ ಹುಡುಗನಿಗೆ ಆ ಚುರುಕು ತಿಳಿದು ತಟ್ಟನೆ ಕಲ್ಲು ಹತ್ತಲಿ. ನಿಮಗೆ ಅದನ್ನು ತಿಳಿಯಬೇಕಿದ್ದರೆ ತಣ್ಣನೆಯ ಗೋಲಿ ಸೋಡಾ ಒಂದೇ ಗುಟುಕಿಗೆ ಕುಡಿದು, ಬಾಯಿ ಮುಚ್ಚಿ ತೇಗಿ. ಮೂಗಿಗೇರಿ ಕಣ್ಣಲ್ಲಿ ನೀರು ತರಿಸುತ್ತದಲ್ಲ, ಅದೇ.